ಹಿಮ ಕಾಣದ ಮಕ್ಕಳಿಗೆ ಹಿಮದ ಕಾಡಿನ ದಾರಿ: ಕೇದಾರಕಂಠ ಚಾರಣದ ಬಗ್ಗೆ ಪೋಷಕರು ತಿಳಿದಿರಬೇಕಾದ ಸಂಗತಿಗಳು

ಗಡಿನಾಡಿನ ಕನ್ನಡ ಮಾಧ್ಯಮ ಶಾಲೆಗಳ ಪ್ರವಾಸವೆಂದರೆ ಮೈಸೂರು, ಹಂಪೆ, ಬೇಲೂರು, ಹಳೇಬೀಡುಗಳೆಂಬುದು ಬಹುಕಾಲದ ರೂಢಿ. ಈಗ ಪ್ರೌಢಶಾಲೆಯ ಮಕ್ಕಳು ಹಿಮಾಲಯದ ಚಾರಣದ ಚಿತ್ರಗಳನ್ನು ಮೊಬೈಲಿನಲ್ಲಿ ನೋಡಿ, ತಮಗೂ ಹಿಮದ ಮೇಲೆ ನಡೆಯಬೇಕೆಂದು ಮನೆಯಲ್ಲಿ ಕೇಳತೊಡಗಿದ್ದಾರೆ. ಕೇಳಿದಾಗ ಪೋಷಕರಲ್ಲಿ ಏಳುವ ಪ್ರಶ್ನೆಗಳು ಮೂರು. ಅಪಾಯವಿಲ್ಲವೆ? ನಮ್ಮ ಮಕ್ಕಳ ಕೈಲಾದೀತೆ? ಭಾಷೆ ಬಾರದ ಕಡೆ ಅವರ ಗತಿಯೇನು? ಮೂರೂ ನ್ಯಾಯವಾದ ಪ್ರಶ್ನೆಗಳೇ. ಆದರೆ ಮೂರನೆಯದು ನಾವು ಎಣಿಸುವುದಕ್ಕಿಂತ ಹೆಚ್ಚು ಮುಖ್ಯವಾದುದು. ಮಗು ತನ್ನ ಮೈಯ ಸ್ಥಿತಿಯನ್ನು ಬಾಯಿಬಿಟ್ಟು ಹೇಳಬಲ್ಲುದೇ ಎಂಬುದರ ಮೇಲೆಯೇ ಹಿಮದ ದಾರಿಯ ಸುರಕ್ಷತೆ ಬಹುಮಟ್ಟಿಗೆ ನಿಂತಿದೆ. ಮೊದಲ ಬಾರಿಗೆ ನಡೆಯುವವರಿಗೆ ಸೂಕ್ತವೆಂದು ಹೆಸರಾದ ಉತ್ತರಾಖಂಡದ ಕೇದಾರಕಂಠ ಚಾರಣವನ್ನು ಉದಾಹರಣೆಯಾಗಿಟ್ಟುಕೊಂಡು ಇದನ್ನು ವಿವರಿಸಬಹುದು.

ಸ್ಥಳ ಯಾವುದು?

ಕೇದಾರಕಂಠವು ಉತ್ತರಕಾಶಿ ಜಿಲ್ಲೆಯಲ್ಲಿ, ಗೋವಿಂದ ಪಶು ವಿಹಾರ ಎಂಬ ರಕ್ಷಿತಾರಣ್ಯದಲ್ಲಿದೆ. 1955ರಲ್ಲಿ ವನ್ಯಧಾಮವಾಗಿ ಘೋಷಿತವಾದ ಈ ಕಾಡಿಗೆ ಗೋವಿಂದ ವಲ್ಲಭ ಪಂತರ ಹೆಸರಿಡಲಾಗಿದೆ. ಹಿಮಚಿರತೆಯ ಸಂರಕ್ಷಣೆಗೆ ಆಯ್ಕೆಯಾದ ನೆಲೆಗಳಲ್ಲಿ ಇದೂ ಒಂದು. ದೇವದಾರು, ಪೈನ್, ಓಕ್, ರೋಡೋಡೆಂಡ್ರಾನ್ ಮರಗಳ ಈ ಕಾಡಿಗೆ ಡಿಸೆಂಬರಿನಿಂದ ಮಾರ್ಚ್‌ವರೆಗೆ ಹಿಮದ ಹೊದಿಕೆಯಿರುತ್ತದೆ. ಸೂಪಿನ್ ಮತ್ತು ರೂಪಿನ್ ಎಂಬ ಎರಡು ಹೊಳೆಗಳು ನೈಟ್ವಾರ್ ಎಂಬಲ್ಲಿ ಕೂಡಿ ಟೋನ್ಸ್ ನದಿಯಾಗುತ್ತವೆ. ಟೋನ್ಸ್ ಮುಂದೆ ಯಮುನೆಯನ್ನು ಸೇರುತ್ತದೆ. ಚಳಿಗಾಲದಲ್ಲಿ ಈ ಬೆಟ್ಟಗಳ ಮೇಲೆ ಕೂಡಿಟ್ಟ ಹಿಮವೇ ಬೇಸಿಗೆಯಲ್ಲಿ ಕರಗಿ ಕೆಳಗಿನ ನಾಡಿಗೆ ನೀರಾಗುತ್ತದೆ. ಪಾಠಪುಸ್ತಕದಲ್ಲಿ ಓದಿದ ಜೀವನದಿಯ ಅರ್ಥ ಇಲ್ಲಿ ಕಾಲಡಿಯಲ್ಲೇ ಸಿಗುತ್ತದೆ.

ಹೊರಡುವ ಮೊದಲು ಮಕ್ಕಳಿಗೆ ಒಂದು ಪದಭೇದವನ್ನು ತಿಳಿಸುವುದು ಒಳ್ಳೆಯದು. ಕನ್ನಡದಲ್ಲಿ ನಾವು ಬೆಳಗಿನ ಕಾವಳಕ್ಕೂ ಮಂಜು ಎನ್ನುತ್ತೇವೆ, ಬೆಟ್ಟದ ಮೇಲಿನ ಬಿಳಿ ಹೊದಿಕೆಗೂ ಮಂಜು ಎನ್ನುತ್ತೇವೆ. ನೀಲಗಿರಿಯಲ್ಲಿ ಜನವರಿಯ ಮುಂಜಾನೆ ಹುಲ್ಲಿನ ಮೇಲೆ ಕಾಣುವ ಬಿಳುಪು ಹಿಮಪಾತವಲ್ಲ; ನೆಲದ ಮೇಲೆಯೇ ಹೆಪ್ಪುಗಟ್ಟಿದ ತೇವಾಂಶ. ಮೋಡದಿಂದ ಹರಳಾಗಿ ಉದುರುವುದು ಹಿಮ. ಆ ಹಿಮ ತುಳಿತಕ್ಕೆ ಸಿಕ್ಕು, ಹಗಲು ಕರಗಿ ರಾತ್ರಿ ಮತ್ತೆ ಗಟ್ಟಿಯಾದರೆ ಮಂಜುಗಡ್ಡೆ. ಹೊಸ ಹಿಮದಲ್ಲಿ ಕಾಲು ಹೂತುಕೊಳ್ಳುತ್ತದೆ, ಮಂಜುಗಡ್ಡೆಯ ಮೇಲೆ ಕಾಲು ಜಾರುತ್ತದೆ. ಚಾರಣದಲ್ಲಿ ಬೀಳುವವರು ಹೆಚ್ಚಾಗಿ ಬೀಳುವುದು ಎರಡನೆಯದರ ಮೇಲೆ. ಅದಕ್ಕಾಗಿಯೇ ಬೂಟಿನ ಅಡಿಗೆ ಮೈಕ್ರೋಸ್ಪೈಕ್ ಎಂಬ ಮುಳ್ಳಿನ ಸರಪಣಿಯನ್ನು ಕಟ್ಟುತ್ತಾರೆ. ಬೂಟಿನೊಳಗೆ ಹಿಮ ಹೋಗದಂತೆ ಮೊಣಕಾಲಿನವರೆಗೆ ಗೇಟರ್ ಎಂಬ ಹೊದಿಕೆಯನ್ನು ತೊಡಿಸುತ್ತಾರೆ.

ಆರು ದಿನಗಳ ಕ್ರಮ

ಮೊದಲ ದಿನ ಡೆಹರಾಡೂನಿನಿಂದ ಮಸ್ಸೂರಿ, ಪುರೋಲಾ, ಮೋರಿ ಮಾರ್ಗವಾಗಿ ಸಾಂಕ್ರಿ ಗ್ರಾಮಕ್ಕೆ ವಾಹನದಲ್ಲಿ ಪ್ರಯಾಣ. ದೂರ ಸುಮಾರು 200 ಕಿ.ಮೀ. ಆದರೂ ತಿರುವಿನ ರಸ್ತೆಯಾದ್ದರಿಂದ ಎಂಟರಿಂದ ಹತ್ತು ಗಂಟೆ ಬೇಕು. ಸಾಂಕ್ರಿಯ ಎತ್ತರ ಸುಮಾರು 1,950 ಮೀಟರ್.

ಎರಡನೆಯ ದಿನ ಕಾಡಿನೊಳಗೆ ನಡೆದು ಜೂಡಾ ಕಾ ತಾಲಾಬ್ ಎಂಬ ಕೆರೆಯ ಬಳಿ ಬಿಡಾರ. ನಡು ಚಳಿಗಾಲದಲ್ಲಿ ಈ ಕೆರೆಯ ಮೇಲ್ಮೈ ಹೆಪ್ಪುಗಟ್ಟಿರುತ್ತದೆ. ಎಷ್ಟೇ ಗಟ್ಟಿಯಾಗಿ ಕಂಡರೂ ಮಕ್ಕಳು ಅದರ ಮೇಲೆ ಕಾಲಿಡಬಾರದು. ಈ ಸ್ಥಳ ಸುಮಾರು 2,770 ಮೀಟರ್ ಎತ್ತರದಲ್ಲಿದೆ. ನೀಲಗಿರಿಯ ದೊಡ್ಡಬೆಟ್ಟದ ಎತ್ತರ 2,637 ಮೀಟರ್. ಎಂದರೆ ನಡಿಗೆಯ ಮೊದಲ ರಾತ್ರಿಯೇ ನಮ್ಮ ಮಕ್ಕಳು ದೊಡ್ಡಬೆಟ್ಟದ ತುದಿಗಿಂತ ಎತ್ತರದಲ್ಲಿ ಮಲಗುತ್ತಾರೆ.

ಮೂರನೆಯ ದಿನ ಸುಮಾರು 3,430 ಮೀಟರ್ ಎತ್ತರದ ಬಿಡಾರಕ್ಕೆ ಏರಬೇಕು. ಮರಗಳು ಇಲ್ಲಿ ವಿರಳವಾಗುತ್ತವೆ, ಗಾಳಿ ಹೆಚ್ಚುತ್ತದೆ. ನಾಲ್ಕನೆಯ ದಿನ ಬೆಳಕು ಹರಿಯುವ ಮೊದಲೇ ಹೊರಟು 3,810 ಮೀಟರಿನ ಶಿಖರ ತಲುಪಿ ಕೆಳಗಿನ ಬಿಡಾರಕ್ಕೆ ಇಳಿಯಬೇಕು. ಶಿಖರದಿಂದ ಸ್ವರ್ಗಾರೋಹಿಣಿ, ಬಂದರ್‌ಪೂಂಛ್, ಕಾಲಾನಾಗ್ ಪರ್ವತಗಳು ಕಾಣುತ್ತವೆ. ಐದನೆಯ ದಿನ ಸಾಂಕ್ರಿಗೆ, ಆರನೆಯ ದಿನ ಡೆಹರಾಡೂನಿಗೆ ಹಿಂತಿರುಗುವುದು.

ಹಗ್ಗ ಹಿಡಿದು ಹತ್ತುವ ಕಡಿದಾದ ಬಂಡೆಗಳು ಈ ದಾರಿಯಲ್ಲಿಲ್ಲ. ದಿನಕ್ಕೆ ನಾಲ್ಕೈದು ಕಿ.ಮೀ. ನಡಿಗೆ, ಶಿಖರದ ದಿನ ಮಾತ್ರ ಅದಕ್ಕಿಂತ ಹೆಚ್ಚು. ಹೊಸಬರಿಗೆ ಸೂಕ್ತವೆನ್ನುವುದು ಈ ಕಾರಣಕ್ಕೆ. ಆದರೆ ಸುಲಭವೆಂಬ ಮಾತು ದಾರಿಗೆ ಸಲ್ಲುತ್ತದೆಯೇ ಹೊರತು ಎತ್ತರಕ್ಕೂ ಚಳಿಗೂ ಸಲ್ಲುವುದಿಲ್ಲ.

ಎತ್ತರ ಮಾಡುವ ಕೆಲಸ

ಸಾವಿರ ಮೀಟರ್ ಏರಿದಂತೆ ಉಷ್ಣತೆ ಸುಮಾರು 6.5 ಡಿಗ್ರಿ ಸೆಲ್ಸಿಯಸ್‌ನಷ್ಟು ಇಳಿಯುತ್ತದೆ. ಗಾಳಿಯ ಒತ್ತಡವೂ ಕುಗ್ಗುತ್ತದೆ. ಶಿಖರದಲ್ಲಿ ಒಂದು ಉಸಿರಿಗೆ ದೊರೆಯುವ ಆಮ್ಲಜನಕ ಸಮುದ್ರಮಟ್ಟದಲ್ಲಿ ದೊರೆಯುವುದರ ಮೂರರಲ್ಲಿ ಎರಡು ಪಾಲಿಗಿಂತ ತುಸು ಕಡಿಮೆ. ಕಡಲ ಮಗ್ಗುಲಿನ ಕಾಸರಗೋಡಿನ ಮಗುವಿನ ಮೈ ಇದಕ್ಕೆ ಹೊಂದಿಕೊಳ್ಳಲು ಸಮಯ ಬೇಕು. ಸಮಯ ಸಾಲದಿದ್ದರೆ ಎತ್ತರದ ಕಾಯಿಲೆ ಕಾಣಿಸಿಕೊಳ್ಳುತ್ತದೆ. ತಲೆನೋವು, ವಾಕರಿಕೆ, ತಲೆಸುತ್ತು, ಊಟ ಬೇಡವೆನಿಸುವುದು, ಅತಿಯಾದ ಸುಸ್ತು ಇವು ಅದರ ಮೊದಲ ಲಕ್ಷಣಗಳು. ಇವು ಕಂಡಾಗ ಇನ್ನೂ ಮೇಲೆ ಹೋಗಬಾರದು. ವಿಶ್ರಾಂತಿ ಪಡೆದರೂ ಹೆಚ್ಚಾದರೆ ಕೆಳಗಿಳಿಯಬೇಕು. ನಡೆಯುವಾಗ ತೂರಾಡುವುದು, ಮಾತು ಗೊಂದಲವಾಗುವುದು, ಸುಮ್ಮನೆ ಕುಳಿತಾಗಲೂ ಏದುಸಿರು ಬರುವುದು ಕಂಡರೆ ರಾತ್ರಿಯೆನ್ನದೆ ತಕ್ಷಣ ಇಳಿಸಬೇಕು. ಇಳಿಯುವುದೇ ಇದಕ್ಕೆ ಮುಖ್ಯ ಚಿಕಿತ್ಸೆ. ಗಟ್ಟಿಮುಟ್ಟಾದ ಆಟಗಾರ ಮಗುವಿಗೂ ಇದು ಬರಬಹುದು. ಮೈಕಟ್ಟಿಗೂ ಈ ಕಾಯಿಲೆಗೂ ಸಂಬಂಧವಿಲ್ಲ.

ಈಗ ಭಾಷೆಯ ಮಾತು

ಜ್ವರವನ್ನು ಮುಟ್ಟಿ ನೋಡಿ ತಿಳಿಯಬಹುದು. ತಲೆನೋವನ್ನು ಮಗು ಹೇಳಿದರೆ ಮಾತ್ರ ತಿಳಿಯುತ್ತದೆ. ಸಾಂಕ್ರಿಯ ಮಾರ್ಗದರ್ಶಿಗಳು ಸ್ಥಳೀಯರು. ತಂಡದೊಡನೆ ಅವರು ಮಾತನಾಡುವುದು ಹಿಂದಿಯಲ್ಲಿ, ಸ್ವಲ್ಪಮಟ್ಟಿಗೆ ಇಂಗ್ಲಿಷಿನಲ್ಲಿ. ಕಾಸರಗೋಡಿನ ಮತ್ತು ಸೊಲ್ಲಾಪುರ ಸೀಮೆಯ ಮಕ್ಕಳಿಗೆ ಶಾಲೆಯಲ್ಲಿ ಹಿಂದಿಯ ಪರಿಚಯವಾದರೂ ಇರುತ್ತದೆ. ತಾಳವಾಡಿ, ಹೊಸೂರಿನ ಸರ್ಕಾರಿ ಶಾಲೆಯ ಮಕ್ಕಳಿಗೆ ಅದೂ ಇಲ್ಲ. ಎಲ್ಲಿಯವರಾದರೂ ನಮ್ಮ ಮಕ್ಕಳಿಗೆ ಒಂದು ಸಂಕೋಚವಿದೆ. ತಪ್ಪು ಹಿಂದಿ ಆಡಿದರೆ, ತಡವರಿಸಿದ ಇಂಗ್ಲಿಷ್ ಆಡಿದರೆ ನಗುತ್ತಾರೆಂಬ ಅಳುಕು. ದಿನನಿತ್ಯ ಕಚೇರಿಯಲ್ಲಿ, ಬಸ್ಸಿನಲ್ಲಿ, ಆಸ್ಪತ್ರೆಯಲ್ಲಿ ಬೇರೆ ಭಾಷೆಯ ಮುಂದೆ ತಗ್ಗಿ ಬೆಳೆದ ಮಗುವಿಗೆ ಸುಮ್ಮನಿರುವುದೇ ಕ್ಷೇಮವೆನಿಸಿಬಿಡುತ್ತದೆ. ತರಗತಿಯಲ್ಲಿ ಈ ಮೌನದಿಂದ ಅಂಕ ಕಡಿಮೆಯಾದೀತು. ಹಿಮದ ಮೇಲೆ ಈ ಮೌನ ಪ್ರಾಣಕ್ಕೇ ಸಂಚಕಾರ ತರಬಲ್ಲುದು.

ಆದ್ದರಿಂದ ಕೆಲವು ಮಾತುಗಳನ್ನು ಮನೆಯಲ್ಲಿಯೇ ಬಾಯಿಪಾಠ ಮಾಡಿಸಿ. ‘ಸಿರ್ ಮೇಂ ದರ್ದ್ ಹೈ’ ಎಂದರೆ ತಲೆ ನೋಯುತ್ತಿದೆ. ‘ಚಕ್ಕರ್ ಆ ರಹಾ ಹೈ’ ಎಂದರೆ ತಲೆ ಸುತ್ತುತ್ತಿದೆ. ‘ಉಲ್ಟಿ’ ಎಂದರೆ ವಾಂತಿ. ‘ಉಂಗಲಿಯಾಂ ಸುನ್ನ್ ಹೈಂ’ ಎಂದರೆ ಬೆರಳುಗಳಿಗೆ ಸ್ಪರ್ಶವೇ ತಿಳಿಯುತ್ತಿಲ್ಲ. ‘ಸಾಂಸ್ ನಹೀಂ ಆ ರಹೀ’ ಎಂದರೆ ಉಸಿರಾಟ ಕಷ್ಟವಾಗುತ್ತಿದೆ. ‘ರುಕಿಯೇ’ ಎಂದರೆ ನಿಲ್ಲಿ. ವ್ಯಾಕರಣ ತಪ್ಪಿದರೂ ಚಿಂತೆಯಿಲ್ಲ. ಏನೂ ನೆನಪಾಗದಿದ್ದರೆ ಕನ್ನಡದಲ್ಲಿಯೇ ಕೂಗಿ ಹೇಳಲಿ, ನೋಯುವ ಜಾಗವನ್ನು ಕೈಯಿಂದ ತೋರಿಸಲಿ. ಶಾಲೆಯಿಂದ ತಂಡವಾಗಿ ಹೋಗುವುದಾದರೆ ಹಿಂದಿ ಬಲ್ಲ ಒಬ್ಬ ಕನ್ನಡ ಶಿಕ್ಷಕರಾದರೂ ಜೊತೆಗಿರಬೇಕು. ಬೆಳಿಗ್ಗೆ ಮತ್ತು ಸಂಜೆ ಪ್ರತಿ ಮಗುವನ್ನೂ ಹತ್ತಿರ ಕರೆದು ತಲೆನೋವಿದೆಯೇ, ಊಟ ಸೇರಿತೇ, ನಿದ್ದೆ ಬಂತೇ ಎಂದು ಕನ್ನಡದಲ್ಲಿ ವಿಚಾರಿಸಬೇಕು. ಎಲ್ಲರೆದುರು ಕೇಳಿದರೆ ‘ಏನಿಲ್ಲ ಸರ್’ ಎಂಬ ಉತ್ತರವೇ ಬರುವುದು. ಒಬ್ಬೊಬ್ಬರನ್ನೇ ಕೇಳಬೇಕು.

ಉಡುಪು ಮತ್ತು ಸಿದ್ಧತೆ

ಒಂದೇ ದಪ್ಪ ಸ್ವೆಟರಿಗಿಂತ ಮೂರು ಪದರಗಳ ಉಡುಪು ಮೇಲು. ಮೈಗಂಟಿದ ಪದರ ಬೆವರನ್ನು ಹೊರಹಾಕುವಂತಿರಬೇಕು, ನಡುವಿನದು ಉಣ್ಣೆ ಅಥವಾ ಫ್ಲೀಸ್, ಹೊರಗಿನದು ಗಾಳಿಯನ್ನೂ ನೀರನ್ನೂ ತಡೆಯುವ ಜಾಕೆಟ್. ನಮ್ಮ ಊರಿಗೆ ಹಿತವಾದ ಹತ್ತಿ ಬಟ್ಟೆ ಅಲ್ಲಿ ಶತ್ರು. ಬೆವರಿನಿಂದ ಒದ್ದೆಯಾದ ಹತ್ತಿ ಬೇಗ ಒಣಗುವುದಿಲ್ಲ, ಮೈಯ ಕಾವನ್ನೆಲ್ಲ ಹೀರುತ್ತದೆ. ಜೀನ್ಸ್ ಪ್ಯಾಂಟು ಬೇಡವೇ ಬೇಡ. ಒದ್ದೆಯಾದ ಕಾಲುಚೀಲವನ್ನು ಆ ಕ್ಷಣವೇ ಬದಲಿಸಬೇಕು. ಹಿಮ ಬಿಸಿಲನ್ನು ಪ್ರತಿಫಲಿಸುವುದರಿಂದ ಕಪ್ಪು ಕನ್ನಡಕವಿಲ್ಲದೆ ನಡೆದರೆ ಕಣ್ಣು ಉರಿದು ತಾತ್ಕಾಲಿಕವಾಗಿ ದೃಷ್ಟಿ ಮಂಕಾಗಬಹುದು. ಚಳಿಯಲ್ಲಿ ಬಾಯಾರಿಕೆ ತಿಳಿಯದು, ಆದರೂ ಮೈಗೆ ನೀರು ಬೇಕು. ಬಿಸಿನೀರನ್ನು ಆಗಾಗ ಕುಡಿಯುತ್ತಿರಬೇಕು. ದುಬಾರಿ ಜಾಕೆಟ್ಟು, ಬೂಟುಗಳನ್ನು ಕೊಳ್ಳಲೇಬೇಕೆಂದಿಲ್ಲ. ಸಾಂಕ್ರಿಯಲ್ಲಿ ಬಾಡಿಗೆಗೆ ದೊರೆಯುತ್ತವೆ.

ಹೊರಡುವುದಕ್ಕೆ ಎರಡು ತಿಂಗಳ ಮೊದಲಿನಿಂದ ಮಕ್ಕಳು ದಿನವೂ ಮುಕ್ಕಾಲು ಗಂಟೆ ಬಿರುಸಾಗಿ ನಡೆಯಲಿ, ವಾರಕ್ಕೊಮ್ಮೆ ಊರ ಗುಡ್ಡ ಹತ್ತಲಿ. ಆಸ್ತಮಾ, ಹೃದಯದ ತೊಂದರೆ, ಮೂರ್ಛೆರೋಗವಿದ್ದರೆ ವೈದ್ಯರ ಒಪ್ಪಿಗೆಯಿಲ್ಲದೆ ಕಳುಹಿಸಬೇಡಿ.

ಯಾರೊಡನೆ ಕಳುಹಿಸಬೇಕು?

2024ರ ಜೂನ್ ಮೊದಲ ವಾರದಲ್ಲಿ ಇದೇ ಉತ್ತರಕಾಶಿ ಜಿಲ್ಲೆಯ ಸಹಸ್ರತಾಲ್ ಮಾರ್ಗದಲ್ಲಿ ಕರ್ನಾಟಕದ ಚಾರಣಿಗರಿದ್ದ ತಂಡ ಹಿಮಗಾಳಿಗೆ ಸಿಲುಕಿ ಒಂಬತ್ತು ಮಂದಿ ಪ್ರಾಣ ಕಳೆದುಕೊಂಡರು. ಅದು ಕೇದಾರಕಂಠಕ್ಕಿಂತ ಎತ್ತರದ, ಕಠಿಣವಾದ ದಾರಿ. ತಿಂಗಳು ಜೂನ್ ಆಗಿದ್ದರೂ ಹವೆ ಗಂಟೆಗಳಲ್ಲಿ ಬದಲಾಯಿತು. ಇದನ್ನು ಹೆದರಿಸಲೆಂದು ನೆನಪಿಸುತ್ತಿಲ್ಲ. ಬೆಟ್ಟದ ಹವೆಯನ್ನು ಯಾರೂ ಲಘುವಾಗಿ ಕಾಣಬಾರದೆಂಬುದು ಆ ದುಃಖದಿಂದ ನಾವು ಕಲಿಯಬೇಕಾದ ಪಾಠ.

ಹಣ ಕಟ್ಟುವ ಮೊದಲು ಸಂಘಟಕರನ್ನು ಈ ಪ್ರಶ್ನೆಗಳನ್ನು ಕೇಳಿ. ಎಷ್ಟು ಮಕ್ಕಳಿಗೆ ಒಬ್ಬ ಮಾರ್ಗದರ್ಶಿ? ಮುಖ್ಯ ಮಾರ್ಗದರ್ಶಿಗೆ ಪರ್ವತಾರೋಹಣದ ತರಬೇತಿ ಆಗಿದೆಯೇ? (1965ರಲ್ಲಿ ಸ್ಥಾಪಿತವಾದ ನೆಹರು ಪರ್ವತಾರೋಹಣ ಸಂಸ್ಥೆ ಉತ್ತರಕಾಶಿಯಲ್ಲಿಯೇ ಇದೆ.) ಆಮ್ಲಜನಕದ ಸಿಲಿಂಡರ್, ಸ್ಟ್ರೆಚರ್ ಬಿಡಾರದಲ್ಲಿರುತ್ತವೆಯೇ? ಅರಣ್ಯ ಇಲಾಖೆಯ ಅನುಮತಿ ಪಡೆಯಲಾಗಿದೆಯೇ? ಒಂದು ಮಗು ಅರ್ಧದಲ್ಲಿ ಇಳಿಯಬೇಕಾದರೆ ಜೊತೆಗೆ ಯಾರು ಬರುತ್ತಾರೆ? ಹವೆ ಕೆಟ್ಟರೆ ಶಿಖರವನ್ನು ಕೈಬಿಡುವ ನಿರ್ಧಾರ ಯಾರದು? ಕೊನೆಯ ಎರಡು ಪ್ರಶ್ನೆಗಳಿಗೆ ಸ್ಪಷ್ಟ ಉತ್ತರ ಬಾರದಿದ್ದರೆ ಆ ತಂಡ ಬೇಡ.

ಯಾವಾಗ, ಹೇಗೆ?

ಡಿಸೆಂಬರ್ ಕೊನೆಯ ವಾರ ಶಾಲೆಗೆ ರಜೆಯಿದ್ದರೂ ದಾರಿಯಲ್ಲಿ ಜನಸಂದಣಿ ಅತಿ. ರೈಲಿನ ಪ್ರಯಾಣವೂ ಸೇರಿ ಹತ್ತು ಹನ್ನೊಂದು ದಿನ ಬೇಕಾಗುವುದರಿಂದ ಆ ರಜೆ ಸಾಲುವುದೂ ಕಷ್ಟ. ಹತ್ತನೆಯ ತರಗತಿಯ ಪರೀಕ್ಷೆ ಮಾರ್ಚಿನಲ್ಲೇ ಮುಗಿಸಿದವರಿಗೆ ಅದರ ಬೆನ್ನಿಗೇ ಹೊರಡುವುದು ಒಳ್ಳೆಯದು. ಏಪ್ರಿಲ್ ಆರಂಭದಲ್ಲಿ ಮೇಲಿನ ಭಾಗದಲ್ಲಿ ಹಿಮ ಸಾಮಾನ್ಯವಾಗಿ ಉಳಿದಿರುತ್ತದೆ, ಚಳಿ ತುಸು ಸೌಮ್ಯವಾಗಿರುತ್ತದೆ, ರೋಡೋಡೆಂಡ್ರಾನ್ ಕೆಂಪಗೆ ಅರಳುವ ಕಾಲವೂ ಅದೇ. ಆದೋನಿ, ಸೊಲ್ಲಾಪುರದವರಿಗೆ ಕರ್ನಾಟಕ ಎಕ್ಸ್‌ಪ್ರೆಸ್, ಕಾಸರಗೋಡಿನವರಿಗೆ ಮಂಗಳಾ ಎಕ್ಸ್‌ಪ್ರೆಸ್ ದೆಹಲಿಗೆ ನೇರ ದಾರಿ. ಅಲ್ಲಿಂದ ಡೆಹರಾಡೂನಿಗೆ ರೈಲೂ ಬಸ್ಸೂ ಇವೆ.

ಕಾಡಿಗೆ ಹೋದ ಮಕ್ಕಳು ಕಾಡಿನ ಮರ್ಯಾದೆಯನ್ನೂ ಕಲಿಯಬೇಕು. ಬಿಸ್ಕತ್ತಿನ ಹೊದಿಕೆ ಹಿಮದಡಿ ಮರೆಯಾದರೂ ಹಿಮ ಕರಗಿದಾಗ ಅಲ್ಲಿಯೇ ಇರುತ್ತದೆ. ತಂದದ್ದನ್ನೆಲ್ಲ ಹಿಂದಕ್ಕೆ ಒಯ್ಯಬೇಕು. ಹಿಮದ ಮೇಲೆ ಮೂಡಿದ ಪ್ರಾಣಿಗಳ ಹೆಜ್ಜೆಗಳನ್ನು ತುಳಿಯದೆ ನೋಡಬೇಕು. ಸಾಂಕ್ರಿಯ ಮರದ ಕೆತ್ತನೆಯ ಮನೆಗಳವರೊಡನೆ ಮಾತನಾಡಬೇಕು. ಈ ಸೀಮೆಯಲ್ಲಿ ಕರ್ಣನನ್ನು ದೇವರೆಂದು ಪೂಜಿಸುವ ಊರುಗಳಿವೆ. ಪಂಪನ ಕರ್ಣನನ್ನು ಮೆಚ್ಚಿದ ನಾಡಿನವರೆಂದು ಹೇಳಿಕೊಳ್ಳಲು ನಮ್ಮ ಮಕ್ಕಳಿಗೆ ಇದಕ್ಕಿಂತ ಒಳ್ಳೆಯ ನೆವ ಬೇಕೆ?

ಶಿಖರ ಮುಟ್ಟದೆ ಮರಳಿದ ಮಗು ಸೋತದ್ದಲ್ಲ. ‘ನನಗೆ ತಲೆ ನೋಯುತ್ತಿದೆ, ನಾನು ಇಳಿಯುತ್ತೇನೆ’ ಎಂದು ಅಪರಿಚಿತರ ಮುಂದೆ ನಿಂತು ಹೇಳಬಲ್ಲ ಮಗು ಈ ಚಾರಣದ ಮುಖ್ಯ ಪಾಠವನ್ನು ಕಲಿತಂತೆಯೇ. ಕಳುಹಿಸುವ ಮುನ್ನ ತಂದೆತಾಯಿಯರು ಈ ಒಂದು ಮಾತನ್ನು ಮಕ್ಕಳಿಗೆ ಮನದಟ್ಟು ಮಾಡಿಕೊಡಲಿ.