ಟ್ರಕ್ಕಿನ ದೋಷಾಂಕವನ್ನು ಓದುವ ಬಗೆ



ನಮ್ಮ ಶಾಲೆಯ ಮಕ್ಕಳಲ್ಲಿ ಅನೇಕರ ತಂದೆ, ಕಾಕಾ, ಸೋದರಮಾವಂದಿರು ಟ್ರಕ್ಕು ನಡೆಸುವವರು, ಇಲ್ಲವೆ ಅವುಗಳನ್ನು ದುರಸ್ತಿ ಮಾಡುವವರು. ಇಚಲಕರಂಜಿಯ ಬಟ್ಟೆ, ಕೊಲ್ಲಾಪುರದ ಬೆಲ್ಲ, ಗಡಹಿಂಗ್ಲಜ ಕಡೆಯ ಸಕ್ಕರೆ ಇವೆಲ್ಲ ಇಂಥವರ ದುಡಿಮೆಯಿಂದಲೇ ದೂರದ ಪೇಟೆಗಳನ್ನು ಸೇರುತ್ತವೆ. ಆದುದರಿಂದ ಈ ಸಲ ಅವರ ಕಸುಬಿನ ಒಂದು ವಿಷಯವನ್ನು, ತರಗತಿಯಲ್ಲಿ ನಾವು ಕಲಿಯುವ ವಿಜ್ಞಾನದ ನೆರವಿನಿಂದ ವಿವರಿಸಬೇಕೆಂದಿದ್ದೇನೆ.

ಕಳೆದ ವರ್ಷ ಪಾಲಕರೊಬ್ಬರ ಟ್ರಕ್ಕು ಇಚಲಕರಂಜಿಯಿಂದ ಬಟ್ಟೆಯ ಗಂಟುಗಳನ್ನು ಹೇರಿಕೊಂಡು ಬೆಂಗಳೂರಿಗೆ ಹೊರಟಿತ್ತು. ನಿಪ್ಪಾಣಿಯನ್ನು ದಾಟಿ ತವಂದಿ ಘಾಟವನ್ನು ಏರುವಾಗ ಚಾಲಕನ ಮುಂದಿನ ಫಲಕದಲ್ಲಿ ಹಳದಿ ದೀಪ ಹತ್ತಿತು. ಎಂಜಿನ್ನಿನ ಬಲ ಕುಗ್ಗಿತು. ದಾರಿಯ ಗ್ಯಾರೇಜೊಂದರಲ್ಲಿ ದೋಷಾಂಕವನ್ನು ತೆಗೆದು ನೋಡಿ, ಎಂಜಿನ್ನಿನ ನೀರಿನ ಉಷ್ಣತೆಯನ್ನು ಅಳೆಯುವ ಸೆನ್ಸರನ್ನು ಬದಲಿಸಿದರು. ಧಾರವಾಡ ದಾಟುವಷ್ಟರಲ್ಲಿ ಅದೇ ಅಂಕ ಮರಳಿ ಬಂದಿತು. ಇನ್ನೊಂದು ಸೆನ್ಸರು, ಇನ್ನೊಂದು ಬಿಲ್ಲು. ಕೊನೆಗೆ ಹುಬ್ಬಳ್ಳಿಯ ಸಮೀಪ ತರುಣ ವೈರ್‌ಮನ್ ಒಬ್ಬನು ಉಷ್ಣತೆಯ ಅಂಕೆಯನ್ನು ನೋಡುತ್ತ ತಂತಿಯನ್ನು ಮೆಲ್ಲನೆ ಅಲುಗಾಡಿಸಿದನು. ಅಂಕೆ ಜಿಗಿಯಿತು! ಕಬ್ಬಿಣದ ಪಟ್ಟಿಗೆ ತಿಕ್ಕಿ ತಿಕ್ಕಿ, ಹೊದಿಕೆಯ ಒಳಗೆ ತಾಮ್ರದ ಎಳೆ ತುಂಡಾಗಿತ್ತು. ಮಾಲು ಎರಡು ದಿನ ತಡವಾಯಿತು, ಬಾಡಿಗೆಯಲ್ಲಿ ಕಡಿತವಾಯಿತು. ಸೆನ್ಸರಿನಲ್ಲಿ ಮೊದಲಿನಿಂದಲೂ ದೋಷವಿರಲಿಲ್ಲ.

ಹಾಗಾದರೆ ದೋಷಾಂಕ ಸುಳ್ಳು ಹೇಳಿತೇ? ಇಲ್ಲ. ಅದನ್ನು ಅರ್ಧ ಮಾತ್ರ ಓದಲಾಗಿತ್ತು.

ಈಗಿನ ಟ್ರಕ್ಕಿನಲ್ಲಿ ಎಂಜಿನ್ನು, ಬ್ರೇಕು ಮೊದಲಾದವುಗಳಿಗೆ ಒಂದೊಂದು ಚಿಕ್ಕ ಗಣಕವುಂಟು. ಬಿ.ಎಸ್. 6 ನಿಯಮವು 2020ರ ಎಪ್ರಿಲ್ 1ರಿಂದ ದೇಶದಲ್ಲೆಲ್ಲ ಜಾರಿಗೆ ಬಂದ ಮೇಲಂತೂ ಹೊಗೆಯ ಮೇಲ್ವಿಚಾರಣೆಯೂ ಈ ಗಣಕಗಳ ಪಾಲಿಗೆ ಬಂದಿದೆ. ಇವು ಒಂದಕ್ಕೊಂದು ಹೆಣೆದ ಎರಡು ತಂತಿಗಳ ಮೂಲಕ ಪರಸ್ಪರ ಮಾತನಾಡುತ್ತವೆ. ಈ ವ್ಯವಸ್ಥೆಗೆ 'ಕ್ಯಾನ್' ಎಂದು ಹೆಸರು. ಜರ್ಮನಿಯ ಬಾಷ್ ಸಂಸ್ಥೆಯು 1986ರಲ್ಲಿ ಇದನ್ನು ಲೋಕದ ಮುಂದಿಟ್ಟಿತು. ಭಾರೀ ವಾಹನಗಳು ಇದರ ಮೇಲೆ ಆಡುವ ಭಾಷೆಗೆ 'ಜೆ 1939' ಎನ್ನುತ್ತಾರೆ.

ಆ ಭಾಷೆಯಲ್ಲಿ ದೋಷಾಂಕಕ್ಕೆ ಮುಖ್ಯವಾಗಿ ಎರಡು ಭಾಗ. ಮೊದಲನೆಯದು ಎಸ್.ಪಿ.ಎನ್.; ಯಾವ ವಿಷಯದಲ್ಲಿ ತೊಂದರೆ ಎಂಬುದನ್ನು ಇದು ತಿಳಿಸುತ್ತದೆ. 100 ಎಂದರೆ ಎಂಜಿನ್ನಿನ ಎಣ್ಣೆಯ ಒತ್ತಡ, 110 ಎಂದರೆ ತಂಪುನೀರಿನ ಉಷ್ಣತೆ. ಎರಡನೆಯದು ಎಫ್.ಎಂ.ಐ.; ತೊಂದರೆ ಯಾವ ತೆರನಾದುದೆಂಬುದನ್ನು ಇದು ಹೇಳುತ್ತದೆ. 3 ಬಂದರೆ ವೋಲ್ಟೇಜು ಇರಬೇಕಾದುದಕ್ಕಿಂತ ಮೇಲೆ, 4 ಬಂದರೆ ಕೆಳಗೆ. ನಮ್ಮ ಪಾಲಕರ ಟ್ರಕ್ಕಿನ ಅಂಕ 110ರ 3. ಗ್ಯಾರೇಜಿನವರು 110ನ್ನು ನೋಡಿ ಸೆನ್ಸರು ತಂದರು. 3ರ ವಿಚಾರ ಮಾಡಲಿಲ್ಲ.

ಮೇಲಿನ ತರಗತಿಯ ವಿದ್ಯಾರ್ಥಿಗಳು ಇಲ್ಲಿ ಓಮನ ನಿಯಮವನ್ನು ನೆನೆಯಬೇಕು. ಗಣಕವು ತನ್ನೊಳಗಿನ ಒಂದು ರೋಧಕದ ಮೂಲಕ 5 ವೋಲ್ಟನ್ನು ಸೆನ್ಸರಿಗೆ ಕಳಿಸುತ್ತದೆ. ಸೆನ್ಸರು ತಣ್ಣಗಿದ್ದಾಗ ಅದರ ರೋಧ ಹೆಚ್ಚು, ಬಿಸಿಯಾದಂತೆ ಕಡಿಮೆ. ರೋಧ ಹೆಚ್ಚಿದ್ದರೆ ಗಣಕ ಕಾಣುವ ವೋಲ್ಟೇಜೂ ಹೆಚ್ಚು. ತಂತಿ ತುಂಡಾದರೆ ಪ್ರವಾಹವೇ ಇಲ್ಲ. ನಲ್ಲಿಯನ್ನು ಮುಚ್ಚಿದಾಗ ಕೊಳವೆಯಲ್ಲಿ ನೀರು ಪೂರ್ಣ ಒತ್ತಡದಿಂದ ನಿಲ್ಲುವಂತೆ, 5 ವೋಲ್ಟೂ ಹಾಗೆಯೇ ನಿಲ್ಲುತ್ತದೆ. ತುಂಡಾದ ತಂತಿಗೆ 'ವೋಲ್ಟೇಜು ಹೆಚ್ಚು' ಎಂಬ ಅಂಕ ಬರುವುದು ವಿಚಿತ್ರವೆನಿಸಿದರೂ ಕಾರಣ ಇದೇ. ಆಗ ಎಂಜಿನ್ನು ಸೊನ್ನೆಗಿಂತ 40 ಡಿಗ್ರಿ ಕೆಳಗಿದೆಯೆಂದು ಕೆಲವು ಉಪಕರಣಗಳು ತೋರಿಸುತ್ತವೆ. (ಸೆಂಟಿಗ್ರೇಡೋ ಫ್ಯಾರನ್‌ಹೀಟೋ ಎಂದು ಕೇಳಬೇಕಾಗಿಲ್ಲ, ಆ ಒಂದು ಅಂಕೆಯಲ್ಲಿ ಎರಡೂ ಒಂದೇ. ಲೆಕ್ಕ ಮಾಡಿ ನೋಡಿರಿ.)

ಪರೀಕ್ಷೆ ಸುಲಭವಾದುದು. ಕೀಲಿ ತಿರುಗಿಸಿ, ಎಂಜಿನ್ನನ್ನು ಚಾಲೂ ಮಾಡದೆ, ಸೆನ್ಸರಿನ ಕಪ್ಲರನ್ನು ಬಿಚ್ಚಬೇಕು. ತಂತಿಯ ಕಡೆಯ ಎರಡು ಮೊನೆಗಳನ್ನು ಚಿಕ್ಕ ತಂತಿಯಿಂದ ಜೋಡಿಸಬೇಕು. 3 ಹೋಗಿ 4 ಬಂದರೆ ತಂತಿಯೂ ಗಣಕವೂ ಸರಿಯಿವೆ, ಸೆನ್ಸರನ್ನು ಸಂಶಯಿಸಬಹುದು. 3 ಹಾಗೆಯೇ ಉಳಿದರೆ ಹೊಸ ಸೆನ್ಸರು ಕೊಳ್ಳುವುದು ವ್ಯರ್ಥ. ಮೊದಲು ತಂತಿಯನ್ನು ಹುಡುಕಬೇಕು. ಈ ಉಪಾಯ ಎರಡು ತಂತಿಯ ಉಷ್ಣತಾ ಸೆನ್ಸರಿಗೆ ಮಾತ್ರ. ಮೂರು ತಂತಿಯದಕ್ಕೆ ಹೀಗೆ ಮಾಡಿದರೆ ಹಾನಿಯಾದೀತು. ದಪ್ಪ ಸೂಜಿಯನ್ನು ಕಪ್ಲರಿನಲ್ಲಿ ಚುಚ್ಚಿ ಮೊನೆಗಳನ್ನು ಅಗಲಿಸುವುದೂ ಬೇಡ. ಹಾಗೆ ಮಾಡಿ ಹೊಸ ದೋಷವನ್ನು ಹುಟ್ಟಿಸಿದವರುಂಟು.

ಒಮ್ಮೆಲೇ ಹತ್ತಾರು ಅಂಕಗಳು ಬಂದರೆ ಹತ್ತು ಸೆನ್ಸರು ಕೆಟ್ಟಿವೆಯೆಂದು ಎದೆಗುಂದಬಾರದು. ಎಲ್ಲಕ್ಕೂ ಸಮಾನವಾದುದನ್ನು ಮೊದಲು ನೋಡಬೇಕು: 12 ವೋಲ್ಟಿನ ಎರಡು ಬ್ಯಾಟರಿಗಳನ್ನು ಸಾಲಾಗಿ ಜೋಡಿಸಿದ 24 ವೋಲ್ಟಿನ ಮೂಲ, ಅದರ ಕೊಂಡಿಗಳ ಮೇಲಿನ ಹಸಿರು ಕಿಲುಬು, ಚಾಸಿಗೆ ಬಿಗಿದ ಅರ್ಥಿಂಗಿನ ಬೋಲ್ಟು, ಫ್ಯೂಜು.

ಇವೆಲ್ಲ ಸರಿಯಿದ್ದು ಗಣಕಗಳೇ ಒಂದರ ಮಾತನ್ನೊಂದು ಕೇಳದಿದ್ದರೆ ಕ್ಯಾನ್ ತಂತಿಗಳನ್ನು ಅಳೆಯಬೇಕು. ಅವುಗಳ ಎರಡು ತುದಿಗಳಲ್ಲಿ 120 ಓಮಿನ ಒಂದೊಂದು ರೋಧಕವಿರುತ್ತದೆ. ಬ್ಯಾಟರಿಯ ಸಂಬಂಧವನ್ನು ತಪ್ಪಿಸಿ ಎರಡು ತಂತಿಗಳ ನಡುವೆ ಮಲ್ಟಿಮೀಟರು ಹಿಡಿದರೆ, ಸಮಾಂತರ ಜೋಡಣೆಯ ಲೆಕ್ಕದಂತೆ, ಸುಮಾರು 60 ಓಮು ಕಾಣಬೇಕು. 120 ಕಂಡರೆ ಒಂದು ತುದಿಯ ರೋಧಕ ಹೋಗಿದೆ, ಇಲ್ಲವೆ ನಡುವೆ ತಂತಿ ತುಂಡಾಗಿದೆ. ಸೊನ್ನೆಯ ಹತ್ತಿರ ಕಂಡರೆ ಎರಡೂ ತಂತಿಗಳು ಎಲ್ಲಿಯೋ ಒಂದಕ್ಕೊಂದು ತಗಲಿವೆ. 40 ಕಂಡರೆ ಏನಾಗಿರಬಹುದೆಂಬುದನ್ನು ಹತ್ತನೆಯ ತರಗತಿಯವರು ಲೆಕ್ಕ ಮಾಡಿ ನನಗೆ ತಂದು ತೋರಿಸಲಿ.