ಹಿಮದ ಹಗೇವು

ಅಲಾಸ್ಕಾದ ಉತ್ತರ ತುದಿಯ ಉಟ್ಕಿಯಾಗ್ವಿಕ್‌ನಲ್ಲಿ ತಿಮಿಂಗಿಲ ಬೇಟೆಯ ತಯಾರಿ ಶುರುವಾಗುವುದು ನೆಲದಡಿಯಲ್ಲಿ. ವಸಂತದ ಬೇಟೆಗೆ ಮುಂಚೆ ಮನೆಯವರು ಏಣಿ ಇಳಿದು, ಹೆಪ್ಪುಗಟ್ಟಿದ ಮಣ್ಣಿನಲ್ಲಿ ತೋಡಿದ ಗುಂಡಿಯನ್ನು ಕೆರೆದು ಶುಚಿ ಮಾಡುತ್ತಾರೆ. ಅದರ ಹೆಸರು ಸಿಗ್ಲುವಾಕ್. ನಮ್ಮ ಬಯಲುಸೀಮೆಯಲ್ಲಿ ಜೋಳ ತುಂಬಿಡುತ್ತಿದ್ದ ಹಗೇವನ್ನು ನೆನೆಸಿಕೊಳ್ಳಿ. ಅಲ್ಲಿ ಜೋಳದ ಜಾಗದಲ್ಲಿ ಮಾಂಸ. ಹಗೇವು ಕೊಳಕಾಗಿದ್ದವರ ದೋಣಿಗೆ ತಿಮಿಂಗಿಲ ತನ್ನನ್ನು ಒಪ್ಪಿಸಿಕೊಳ್ಳುವುದಿಲ್ಲ ಎಂಬುದು ಇಲ್ಲಿನ ಮೂಲನಿವಾಸಿಗಳಾದ ಇನ್ಯುಪಿಯಾತ್ ಜನರ ನಂಬಿಕೆ.

ಸುಮಾರು 5 ಸಾವಿರ ಜನರ ಊರಿದು. ಹೊರಗಿನಿಂದ ಬರುವ ರಸ್ತೆಯೇ ಇಲ್ಲ. ಅಕ್ಕಿಯಾಗಲಿ, ಹಾಲಾಗಲಿ ವಿಮಾನದಲ್ಲಿ ಬರಬೇಕು, ಇಲ್ಲವೇ ಬೇಸಿಗೆಯಲ್ಲಿ ಸಮುದ್ರ ಬಿಟ್ಟುಕೊಟ್ಟಾಗ ಬಾರ್ಜ್‌ನಲ್ಲಿ. ಬೆಲೆಯೂ ವಿಮಾನದಷ್ಟೇ ಎತ್ತರ. ನವೆಂಬರ್ ಮಧ್ಯದಲ್ಲಿ ಮುಳುಗಿದ ಸೂರ್ಯ ಮತ್ತೆ ಮುಖ ತೋರಿಸುವುದು ಜನವರಿ ಕೊನೆಗೆ. ಮನೆಗಳೆಲ್ಲ ಕಂಬಗಳ ಮೇಲೆ; ಒಲೆಯ ಕಾವು ತಗುಲಿ ನೆಲ ಕರಗಿದರೆ ಮನೆಯೇ ವಾಲೀತು.

ದೊಡ್ಡ ಸೀಲ್‌ಗಳ ಚರ್ಮವನ್ನು ಹೆಂಗಸರು ನೀರು ನುಸುಳದಂತೆ ಹೊಲಿದು ಬೇಟೆಯ ದೋಣಿಗೆ ಹೊದಿಸುತ್ತಾರೆ. ಬೇಟೆ ಸಿಕ್ಕಿತೋ, ಊರಿಗೆ ಊರೇ ಹಗ್ಗಕ್ಕೆ ಕೈ ಹಾಕಿ ಆ ಭಾರವನ್ನು ಮಂಜುಗಡ್ಡೆಯ ಮೇಲಕ್ಕೆ ಎಳೆಯುತ್ತದೆ. ಆಮೇಲೆ ಪಾಲು. ಮಾಂಸ ಮಾರುವ ಮಾತೇ ಇಲ್ಲ. ದೋಣಿಯ ಯಜಮಾನ, ಅಂದರೆ ಉಮಿಯಾಲಿಕ್, ತನ್ನ ಪಾಲನ್ನೂ ಜೂನ್‌ನ ನಲುಕತಾಕ್ ಹಬ್ಬದಲ್ಲಿ ಹಂಚಬೇಕು. ಅವನ ದೊಡ್ಡಸ್ತಿಕೆ ಇರುವುದು ಖಾಲಿಯಾದ ಹಗೇವಿನಲ್ಲಿ ಎನ್ನಬೇಕು!

1977ರಲ್ಲಿ ಅಂತರರಾಷ್ಟ್ರೀಯ ತಿಮಿಂಗಿಲ ಆಯೋಗವು ಇವರು ಬೇಟೆಯಾಡುವ ಬೋಹೆಡ್ ತಿಮಿಂಗಿಲಗಳು ತೀರಾ ಕಡಿಮೆಯಾಗಿವೆ ಎಂದು ಈ ಬೇಟೆಯನ್ನೇ ನಿಷೇಧಿಸಿತ್ತು. ಬೇಟೆಗಾರರು ಒಪ್ಪಲಿಲ್ಲ. ನೀವು ಎಣಿಸಿದ್ದು ಕಣ್ಣಿಗೆ ಬಿದ್ದವನ್ನು ಮಾತ್ರ, ಮಂಜುಗಡ್ಡೆಯ ಕೆಳಗೆ ಈಜುವವು ಲೆಕ್ಕಕ್ಕೆ ಬಂದಿಲ್ಲ ಎಂದರು. ವಿಜ್ಞಾನಿಗಳು ನೀರಿಗೆ ಮೈಕ್ ಇಳಿಬಿಟ್ಟು ಆಲಿಸಿದಾಗ ಬೇಟೆಗಾರರ ಮಾತು ನಿಜವಾಯಿತು. 2011ರ ಗಣತಿಯಲ್ಲಿ ಸಿಕ್ಕ ಲೆಕ್ಕ ಸುಮಾರು 17 ಸಾವಿರ. ಈಗ ಬೇಟೆ ಕೋಟಾದ ಮಿತಿಯಲ್ಲಿ ನಡೆಯುತ್ತದೆ.

ತಿಮಿಂಗಿಲಗಳೇನೋ ಉಳಿದವು, ಹಗೇವಿಗೆ ಕುತ್ತು ಬಂದಿದೆ. ನೆಲದ ಹೆಪ್ಪು ಸಡಿಲಗೊಂಡು ಕೆಲವು ಹಗೇವುಗಳಲ್ಲಿ ನೀರು ನಿಂತಿದೆ, ಕೆಲವುಗಳ ಗೋಡೆ ಕುಸಿದಿದೆ. ಧ್ರುವದ ಪಕ್ಕದಲ್ಲಿದ್ದುಕೊಂಡು ಕರೆಂಟಿನ ಫ್ರೀಜರ್ ಕೊಳ್ಳುವ ಕಾಲ. ಮಾಂಸವೇನೋ ಅದರಲ್ಲೂ ಕೆಡುವುದಿಲ್ಲ. ಆದರೆ ಸಿಗ್ಲುವಾಕ್‌ನ ತಂಪಿನಲ್ಲಿ ನಿಧಾನವಾಗಿ ಹದಗೊಂಡ ಮಾಂಸದ ರುಚಿ ಬಲ್ಲವರಿಗೆ ಫ್ರೀಜರಿನ ತುಂಡು ಸಪ್ಪೆ.