ರೈತನ ಕಡೆಗೆ ತಿರುಗಿದ ಪರದೆ

ಮುದಗಲ್ಲಿನ ಕೋಟೆಯನ್ನು ನೋಡಬಂದವರಿಗೆ ಅಲ್ಲಿಯ ಕಲ್ಲುಗಳ ಮೇಲೆ ಕನ್ನಡ ಮತ್ತು ಪಾರಸಿ ಶಾಸನಗಳು ಕಾಣಸಿಗುತ್ತವೆ. ಬಹಮನಿ ಸುಲ್ತಾನರೂ ವಿಜಯನಗರದ ಅರಸರೂ ಈ ಕೋಟೆಗಾಗಿ ಮತ್ತೆ ಮತ್ತೆ ಕಾದಾಡಿದರು. ಒಡೆತನ ಎಷ್ಟು ಕೈ ಬದಲಾದರೂ ಕಲ್ಲಿನ ಬರಹಕ್ಕೆ ಒಂದು ಗುಣವಿತ್ತು: ಅದು ಬಯಲಿನಲ್ಲಿತ್ತು, ಯಾರಾದರೂ ತಿದ್ದಿದರೆ ಊರಿಗೆಲ್ಲ ತಿಳಿಯುತ್ತಿತ್ತು.

ಕಾಗದದ ದಫ್ತರಕ್ಕೆ ಈ ಗುಣವಿರಲಿಲ್ಲ. ಹೊಲ ಯಾರದು, ವಿಸ್ತೀರ್ಣವೆಷ್ಟು, ಬೆಳೆ ಯಾವುದು ಎಂಬುದನ್ನು ಹೇಳುವ ಪಹಣಿ ಗ್ರಾಮಲೆಕ್ಕಿಗರ ವಶದಲ್ಲಿರುತ್ತಿತ್ತು. ರಾಜ್ಯದಲ್ಲಿ ಅಂಥವರು ಸುಮಾರು 9,000 ಮಂದಿ. ಬ್ಯಾಂಕಿನಲ್ಲಿ ಸಾಲ ಕೇಳಬೇಕಾದರೂ ರೈತನು ಮೊದಲು ಅವರನ್ನು ಹುಡುಕಬೇಕಿತ್ತು. ನಕಲಿಗಾಗಿ ಕೈ ಬಿಸಿ ಮಾಡುವುದೂ ಅಪರೂಪವಾಗಿರಲಿಲ್ಲ.

ಈ ಶತಮಾನದ ಆರಂಭದಲ್ಲಿ ಕರ್ನಾಟಕ ಸರ್ಕಾರವು ‘ಭೂಮಿ’ ಯೋಜನೆಯ ಮೂಲಕ ಸುಮಾರು 67 ಲಕ್ಷ ರೈತರ 2 ಕೋಟಿ ದಾಖಲೆಗಳನ್ನು ಗಣಕಯಂತ್ರಕ್ಕೆ ಏರಿಸಿತು. ಮುದಗಲ್ ಸೇರಿದ ಲಿಂಗಸೂಗೂರಿನಂಥ ತಾಲ್ಲೂಕು ಕೇಂದ್ರಗಳಲ್ಲಿ 15 ರೂಪಾಯಿಗೆ ಪಹಣಿಯ ಪ್ರತಿ ದೊರೆಯತೊಡಗಿತು. ಆದರೆ ಜನರ ವಿಶ್ವಾಸ ಗಳಿಸಿದ್ದು ಯಂತ್ರದ ಗಾತ್ರವಲ್ಲ, ಅದರ ಸುತ್ತ ಹಾಕಿದ ಕಟ್ಟುಪಾಡು. ದಾಖಲೆಯನ್ನು ಮುಟ್ಟುವ ನೌಕರ ಬೆರಳಚ್ಚು ಒತ್ತಿಯೇ ಒಳಗೆ ಹೋಗಬೇಕು. ಖಾತೆ ಬದಲಾವಣೆಯ ಅರ್ಜಿಗಳಿಗೆ ಸರತಿಯುಂಟು. ಹಿಂದೆ ಬಂದವನು ಮುಂದೆ ಹೋಗುವಂತಿಲ್ಲ. ಕಿಟಕಿಯ ಬಳಿ ರೈತನ ಕಡೆಗೆ ಮುಖಮಾಡಿದ ಎರಡನೆಯ ಪರದೆಯನ್ನೂ ಇರಿಸಿದರು. ತನ್ನ ಹೊಲದ ಲೆಕ್ಕದಲ್ಲಿ ನಡೆಯುವುದನ್ನು ಅವನು ಕಣ್ಣಾರೆ ಕಾಣಬಹುದಾಯಿತು.

ಇದರಿಂದ ಎಲ್ಲವೂ ನೆಟ್ಟಗಾಯಿತೆಂದಲ್ಲ. ಹಳೆಯ ಪುಸ್ತಕದ ತಪ್ಪು ಯಂತ್ರಕ್ಕೂ ತಪ್ಪಾಗಿಯೇ ಇಳಿಯುತ್ತದೆ. ಊರಿನಲ್ಲೇ ಸಿಗುತ್ತಿದ್ದ ಪಹಣಿಗೆ ತಾಲ್ಲೂಕಿನವರೆಗೆ ಹೋಗಬೇಕಾದ ಕಷ್ಟವೂ ಇತ್ತು. ಮುಂದೆ ಹೋಬಳಿಯ ನಾಡಕಚೇರಿಗಳು ಆ ದೂರವನ್ನು ತಗ್ಗಿಸಿದವು.

ಈಗ ನಗರಗಳ ಸರದಿ. 2015ರಲ್ಲಿ ಕೇಂದ್ರ ಸರ್ಕಾರ ಆರಂಭಿಸಿದ ಸ್ಮಾರ್ಟ್ ಸಿಟಿ ಯೋಜನೆಗೆ ದೇಶದ 100 ನಗರಗಳು ಆಯ್ಕೆಯಾದವು. ಬೆಳಗಾವಿ, ದಾವಣಗೆರೆ, ತುಮಕೂರು ಮೊದಲಾಗಿ ಕರ್ನಾಟಕದವು ಏಳು. ನಿಯಂತ್ರಣ ಕೊಠಡಿಗಳಿಗೆ ಬೀದಿಯ ಕ್ಯಾಮರಾಗಳಿಂದ ಹಗಲಿರುಳು ಚಿತ್ರಗಳು ಹರಿದುಬರುತ್ತವೆ. ಅಲ್ಲಿಯ ಪರದೆಗಳು ಅಧಿಕಾರಿಗಳ ಕಡೆಗೆ ಮಾತ್ರ ಮುಖಮಾಡಿವೆ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು ಹೂಡಿದ ಮೊಕದ್ದಮೆಯಲ್ಲಿ, 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಾಧೀಶರು ಖಾಸಗಿತನವು ಮೂಲಭೂತ ಹಕ್ಕೆಂದು ಸಾರಿದರು.

ತನ್ನ ವಿಷಯವಾಗಿ ಏನನ್ನು ಬರೆದಿಟ್ಟಿದ್ದಾರೆ, ಎಷ್ಟು ದಿನ ಇಡುತ್ತಾರೆ, ಯಾರು ತೆರೆದು ನೋಡಿದರು ಎಂದು ಕೇಳಲು ನಗರದ ಗೃಹಸ್ಥನಿಗೂ ಅಧಿಕಾರವುಂಟು. ಹೊಲದ ರೈತನಿಗೆ ದೊರೆತ ಎರಡನೆಯ ಪರದೆ ಅವನಿಗೂ ದೊರೆಯಬೇಕು.